ನೆಲ ಮಾರುತ್ತರ ಕೊಡುವ ಗ್ರಹ: ಗಣಿ, ಕ್ವಾರಿ, ಕಂಪನ ಕಂಡವರು ಸ್ವಲ್ಪ ಹೇಳಿ

ಚಿಂತಾಮಣಿ ಮೇಷ್ಟ್ರು:
ಒಂದು ವಿಜ್ಞಾನ ಕಥೆ ಬರೀತಿದ್ದೀನಿ. ಹೆಗ್ಗಲ್ಲು ಅನ್ನೋದು ನನ್ನ ಕಲ್ಪನೆಯ ಗ್ರಹ. ಭೂಮಿಯಿಂದ ಹೋದವರು ಅಲ್ಲಿ ಒಂದು ಕಡೆ ಬಂಡೆ ಕಡಿದರೆ, ಸರಿಯಾಗಿ ಹನ್ನೆರಡು ದಿನ ಬಿಟ್ಟು ಬೇರೆಲ್ಲೋ ಅಷ್ಟೇ ಗಾತ್ರದ ಬಂಡೆ ಗುಡುಗಿಕೊಂಡು ನೆಲದಿಂದ ಮೇಲೇಳುತ್ತೆ. ಗ್ರಹಕ್ಕೆ ಬುದ್ಧಿ ಇದೆಯೋ ಇಲ್ಲವೋ ಅನ್ನೋದೇ ಅಲ್ಲಿನವರ ಜಗಳ. ಕರಡು ಓದಿದ ಗೆಳೆಯ "ಇದು ದೆವ್ವದ ಕಥೆ ಆಯ್ತಲ್ಲ ಗುರೂ" ಅಂದುಬಿಟ್ಟ. ಕೋಲಾರ, ಚಿಕ್ಕಬಳ್ಳಾಪುರ, ತುಮಕೂರಿನ ನಮಗೆ ಬಂಡೆಗೇನೂ ಬರ ಇಲ್ಲ. ನೆಲ ಸದ್ದು ಮಾಡಿದ್ದನ್ನ ಹತ್ತಿರದಿಂದ ಕೇಳಿದವರು ಅನುಭವ ಹೇಳಿ. ಕೊನೆಗೆ ಗ್ರಹಕ್ಕೆ ಮನಸ್ಸಿದೆ ಅಂತ ಬಾಯಿಬಿಟ್ಟು ಹೇಳಲೋ ಬೇಡವೋ, ಅದನ್ನೂ ತಿಳಿಸಿ.

ಕೆಜಿಎಫ್ ಮೊಮ್ಮಗಳು:
ಮೇಷ್ಟ್ರೇ, ಮೊದಲು ಆ ಹನ್ನೆರಡು ದಿನದ ಲೆಕ್ಕ ತೆಗೀರಿ. ನೆಲ ಕ್ಯಾಲೆಂಡರ್ ನೋಡಲ್ಲ.

ನಮ್ಮ ತಾತ ಕೆಜಿಎಫ್‌ನ ಚಾಂಪಿಯನ್ ರೀಫ್ ಚಿನ್ನದ ಗಣಿಗೆ ಇಳೀತಿದ್ದವರು. 3 ಕಿಲೋಮೀಟರ್‌ಗೂ ಹೆಚ್ಚು ಆಳದ ಗಣಿ, ತಳದಲ್ಲಿ ಬಂಡೆಯ ಶಾಖ 60 ಡಿಗ್ರಿ ದಾಟುತ್ತಿತ್ತು. ಅದಿರು ತೆಗೆದಷ್ಟೂ ಮೇಲಿನ ಭಾರವೆಲ್ಲ ಉಳಿದ ಬಂಡೆಯ ಮೇಲೆ ಬೀಳುತ್ತೆ. ಅದು ತಡೆಯೋ ತನಕ ತಡೆದು, ಯಾವುದೋ ಒಂದು ಗಳಿಗೆಯಲ್ಲಿ ಸಿಡಿಯುತ್ತೆ. ಅದೇ ರಾಕ್ ಬರ್ಸ್ಟ್. ಇವತ್ತು ಸಿಡಿದದ್ದು ಇವತ್ತಿನ ಕೆಲಸಕ್ಕೇ ಅಂತೇನಿಲ್ಲ, ಎಷ್ಟೋ ಹಿಂದೆ ಅಗೆದು ಬಿಟ್ಟ ಜಾಗದ ಬಾಕಿಯೂ ಇರಬಹುದು. ಕೆಳಗೆ ಸಿಡಿದರೆ ಮೇಲೆ ಲೈನ್ ಮನೆಗಳಲ್ಲಿ ಪಾತ್ರೆ ಅಲುಗೋದು. ಅಜ್ಜಿ ಪಾತ್ರೆ ಕಡೆ ನೋಡುತ್ತಲೇ ಇರಲಿಲ್ಲ, ಬಾಗಿಲಿಗೆ ಬಂದು ನಿಲ್ಲೋರು. ಯಾರ ಮನೆಯವರು ಯಾವ ಶಿಫ್ಟಿನಲ್ಲಿದ್ದಾರೆ ಅಂತ ಇಡೀ ಬೀದಿಗೆ ಗೊತ್ತಿರೋದು. ನೀವು ಗುಡುಗನ್ನ ಎರಡು ಪುಟ ವರ್ಣಿಸೋದಕ್ಕಿಂತ, ಸದ್ದು ನಿಂತ ಮೇಲೆ ಜನ ಮೊದಲು ಯಾರನ್ನ ವಿಚಾರಿಸಿದರು ಅಂತ ಬರೀರಿ.

ಇನ್ನೊಂದು ವಿಷಯ. ಖಾಲಿಯಾದ ಜಾಗ ಕುಸಿಯದೆ ಇರಲಿ ಅಂತ ಗಣಿಯೊಳಕ್ಕೆ ಗ್ರಾನೈಟ್ ಕಲ್ಲು ಇಳಿಸಿ ಗೋಡೆ ಕಟ್ಟೋರು, ಆಮೇಲಾಮೇಲೆ ಕಾಂಕ್ರೀಟ್ ತುಂಬಿದರು. ಚಿನ್ನದ ಕಲ್ಲು ಮೇಲಕ್ಕೆ, ಬರೀ ಕಲ್ಲು ಕೆಳಕ್ಕೆ. ಹೆಗ್ಗಲ್ಲಿನಲ್ಲೂ ಹೆದರಿದ ಮನುಷ್ಯರು ಗುಂಡಿಗೆ ಕಲ್ಲು ವಾಪಸ್ ತುಂಬಿದರೆ ಗ್ರಹ ಅದನ್ನ ಒಪ್ಪಿಕೊಳ್ಳುತ್ತಾ, ಉಗಿಯುತ್ತಾ? ನನಗೆ ಕೇಳಿದರೆ ನಿಮ್ಮ ಕಥೆ ಇರೋದೇ ಅಲ್ಲಿ. 2001ರಲ್ಲಿ ಗಣಿ ಮುಚ್ಚಿದರು, ಪಂಪ್ ನಿಂತು ಸುರಂಗಗಳಿಗೆ ನೀರು ತುಂಬಿತು. ಆಮೇಲೂ ಊರು ಅದುರಿದ್ದುಂಟು.

ಚಿಕ್ಕಬಳ್ಳಾಪುರದ ರೈತ:
ಸಾರ್, ನಮ್ ಕಡೆ 2021 ಡಿಸೆಂಬರ್ 22ಕ್ಕೆ ಭೂಕಂಪ ಆಗಿತ್ತಲ್ಲ, ಬೆಳಗ್ಗೆ 7 ಗಂಟೆ ದಾಟಿತ್ತು. ಐದು ನಿಮಿಷದ ಒಳಗೆ ಎರಡು ಸಲ. ಒಂದು 2.9, ಇನ್ನೊಂದು 3.0 ಅಂತ ಆಮೇಲೆ ಟಿವೀಲಿ ಹೇಳಿದ್ರು. ಮೊದಲನೇದಕ್ಕೆ ನಾವು ಕ್ವಾರಿಯೋರ್ನ ಚೆನ್ನಾಗಿ ಬೈದ್ವಿ, ಹೊತ್ತಿಲ್ಲದ ಹೊತ್ತಲ್ಲಿ ಸಿಡಿಸ್ತಾವ್ರೆ ಅಂತ. ಎರಡನೇದು ಬಂದಾಗ್ಲೇ ಆಚೆ ಓಡಿದ್ದು. ಆ ವರ್ಷ ಮಳೆ ಬೇರೆ ವಿಪರೀತ, ಕೆರೆಗಳೆಲ್ಲ ಕೋಡಿ ಹರಿದಿದ್ವು. ಒಣಗಿದ್ದ ನೆಲಕ್ಕೆ ನೀರು ಇಳೀತೈತೆ, ಅದಕ್ಕೇ ಸದ್ದು ಅಂತ ಊರಲ್ಲಿ ಮಾತಾಡ್ಕೊಂಡ್ರು. ನಿಮ್ ಕಥೇಲಿ ಮೊದಲ್ನೇ ಸದ್ದಿಗೇ ಯಾರೂ ಗ್ರಹದ ಮೇಲೆ ಅನುಮಾನ ಪಡಬಾರ್ದು ಸಾರ್. ಮೊದಲು ಪಕ್ಕದೋನ ಮೇಲೆ ಪಡ್ತಾರೆ.

ತುಮಕೂರು, ಭೂವಿಜ್ಞಾನ ಎಂಎಸ್ಸಿ:
ಸರ್, ಹೆಗ್ಗಲ್ಲಿನಲ್ಲಿ ನೀರಿದೆಯಾ? ಅದನ್ನ ಮೊದಲು ತೀರ್ಮಾನ ಮಾಡಿ. ನೀರು, ಬಿಸಿ ಇರೋ ನೆಲದಲ್ಲಿ ಕಂಪನ ಬೇಗ ಅಡಗುತ್ತೆ. ಒಣ, ಬಿರುಕು ಬಿಟ್ಟ ನೆಲದಲ್ಲಿ ಅಡಗೋದೇ ಇಲ್ಲ. 1969ರಲ್ಲಿ ಅಪೊಲೊ 12ರವರು ಚಂದ್ರನ ನೆಲದ ಮೇಲೆ ಕಂಪನಮಾಪಕ ಇಟ್ಟು, ಕೆಲಸ ಮುಗಿದ ನೌಕೆಯ ಭಾಗವನ್ನ ಬೇಕಂತಲೇ ಅಪ್ಪಳಿಸಿದ್ದರು. ಕಂಪನ ಸುಮಾರು ಒಂದು ಗಂಟೆ ನಿಲ್ಲಲೇ ಇಲ್ಲ. ಆಮೇಲೆ, ಗ್ರಾನೈಟಿನಲ್ಲಿ ಅಲೆ ಸೆಕೆಂಡಿಗೆ 5 ಕಿಲೋಮೀಟರಿಗೂ ಹೆಚ್ಚು ಓಡುತ್ತೆ, ಗಾಳಿಯಲ್ಲಿ ಸದ್ದು ಬರೋದು ಸುಮಾರು 340 ಮೀಟರ್. ದೂರದಲ್ಲಿ ನಿಂತವರಿಗೆ ಮೊದಲು ಕಾಲಿಗೆ ಗೊತ್ತಾಗಬೇಕು, ಕಿವಿಗೆ ಆಮೇಲೆ. ನಿಮ್ಮ ಕರಡಿನಲ್ಲಿ ಗುಡುಗು ಮೊದಲು ಬಂದಿದ್ದರೆ ತಿದ್ದಿಬಿಡಿ.

ಬಂಡೆ ಮೇಲೇಳೋದು ಅಂಥ ಪವಾಡ ಏನಲ್ಲ. ಮೇಲಿನ ಭಾರ ಸವೆದುಹೋದರೆ ಕೆಳಗಿನ ಬಂಡೆ ಹಿಗ್ಗುತ್ತೆ. ಮಧುಗಿರಿ ಬೆಟ್ಟದಲ್ಲೋ ನಂದಿಯಲ್ಲೋ ಬಂಡೆ ಈರುಳ್ಳಿ ಸಿಪ್ಪೆಯ ಹಾಗೆ ಪದರ ಬಿಡೋದು ಹೀಗೇ. ಹಿಮಯುಗದ ಮಂಜಿನ ಭಾರ ಹೋಗಿ ಸಾವಿರಾರು ವರ್ಷ ಆದರೂ ಸ್ವೀಡನ್ನಿನ ಕರಾವಳಿ ಇನ್ನೂ ಏಳ್ತಾನೇ ಇದೆ. ಆದರೆ ಇವೆಲ್ಲ ಏಳೋದು ಭಾರ ಹೋದ ಜಾಗದಲ್ಲೇ. ನಿಮ್ಮಲ್ಲಿ ಬೇರೆ ಜಾಗದಲ್ಲಿ ಏಳುತ್ತೆ ಅಂದ್ರಲ್ಲ, ವಿಚಿತ್ರ ಅದು. ಜಗಳ ಆಗಬೇಕಾದ್ದು ಏಕೆ ಎದ್ದಿತು ಅಂತಲ್ಲ, ಅಲ್ಲೇ ಏಕೆ ಎದ್ದಿತು ಅಂತ.

ಶಿರಾ ಕಡೆಯವನು:
ನಮ್ಮಪ್ಪ ಬಂಡೆ ಮೇಲೆ ಸೌದೆ ಬೆಂಕಿ ಹಾಕಿ ಚಪ್ಪಡಿ ಎಬ್ಬಿಸೋರು. ಬೆಂಕೀನ ಮೆತ್ತಗೆ ಮುಂದಕ್ಕೆ ಸರಿಸ್ತಾ, ಹಿಂದಿಂದ ಸುತ್ತಿಗೇಲಿ ತಟ್ತಾ ಹೋಗೋದು. ಪದರ ಬಿಟ್ಟಿದ್ರೆ ಟೊಳ್ಳು ಸದ್ದು, ಬಿಡದಿದ್ರೆ ಗಟ್ಟಿ ಸದ್ದು. ನಿಮ್ ಕಥೇಲಿ ಮೆಷಿನ್ ಹಿಡಿದಿರೋ ವಿಜ್ಞಾನಿ ಜೊತೆ ಇಂಥೋನೊಬ್ಬನೂ ಇರ್ಲಿ. ಕಲ್ಲಿಗೆ ಜೀವ ಐತೆ ಅಂತ ಅಪ್ಪ ಒಂದಿನಾನೂ ಅಂದಿಲ್ಲ. ಹಂಗಂತ ಹೊಸ ಬಂಡೆಗೆ ಕಾಯಿ ಒಡೀದೆ ಸುತ್ತಿಗೆ ಮುಟ್ಟಿದ್ದೂ ಇಲ್ಲ. ಮನಸ್ಸೈತೋ ಇಲ್ವೋ ನೀವು ಹೇಳಕ್ಕೆ ಹೋಗ್ಬೇಡಿ, ಅವನ ಕೈಲಿ ಒಂದು ಕಾಯಿ ಕೊಡಿ ಸಾಕು.

ಚಿಂತಾಮಣಿ ಮೇಷ್ಟ್ರು:
ಎಲ್ಲರಿಗೂ ನಮಸ್ಕಾರ. ಹನ್ನೆರಡು ದಿನ ಹೋಯ್ತು. ಗ್ರಹವನ್ನ ಒಣಗಿಸಿದೆ, ಕಂಪನ ಈಗ ರಾತ್ರಿಯೆಲ್ಲ ಇರುತ್ತೆ, ಕ್ಯಾಂಪಿನಲ್ಲಿ ಯಾರಿಗೂ ನಿದ್ದೆಯಿಲ್ಲ. ಜಾಗದ ವಿಚಾರಕ್ಕೆ ಒಂದು ಯೋಚನೆ: ಬಂಡೆಗಳು ಒಂದೊಂದೇ ಕ್ಯಾಂಪಿನ ಹತ್ತಿರ ಹತ್ತಿರಕ್ಕೆ ಏಳ್ತಾ ಬಂದರೆ?

ಕೆಜಿಎಫ್ ಮೊಮ್ಮಗಳು:
ಬೇಡ ಮೇಷ್ಟ್ರೇ, ಸೇಡಿನ ಸಿನಿಮಾ ಆಗುತ್ತೆ. ಎಲ್ಲಿ ಬೇಕಾದರೂ ಏಳಲಿ, ಅವರು ಕಲ್ಲು ವಾಪಸ್ ತುಂಬಿದ ಗುಂಡಿಗಳ ಸುತ್ತ ಮಾತ್ರ ಏಳದೆ ಇರಲಿ. ಅದನ್ನೂ ಯಾರೂ ಬೇಗ ಗಮನಿಸಬಾರದು.

ತುಮಕೂರು, ಭೂವಿಜ್ಞಾನ ಎಂಎಸ್ಸಿ:
ಇದು ಚೆನ್ನಾಗಿದೆ ಅಕ್ಕ. ಭಾರ ವಾಪಸ್ ಬಂತು, ಅದಕ್ಕೇ ಏಳಲಿಲ್ಲ ಅಂತ ನಮ್ಮ ಕಡೆಯವರು ವಾದ ಮಾಡಬಹುದು. ಗ್ರಹ ಒಪ್ಪಿಕೊಂಡಿತು ಅಂತ ಕಾಯಿ ಒಡೆದವನು ಅಂದುಕೊಳ್ಳಬಹುದು. ಸರ್, ತುಂಬಿದ್ದು ತೆಗೆದ ತೂಕಕ್ಕಿಂತ ಕಡಿಮೆ ಇದ್ದರೂ ಏಳಲಿಲ್ಲ ಅಂತ ಒಂದೇ ಒಂದು ಸಾಲು ಎಲ್ಲಾದರೂ ಸೇರಿಸಿ. ಆಗ ನಮಗೂ ನಿದ್ದೆ ಬರಲ್ಲ.

ಚಿಕ್ಕಬಳ್ಳಾಪುರದ ರೈತ:
ಬರ್ದಾದ್ಮೇಲೆ ಇಲ್ಲೇ ಹಾಕಿ ಸಾರ್, ಓದ್ತೀವಿ. ಕ್ವಾರಿ ಮಾಲೀಕನ್ನ ಮಾತ್ರ ಒಳ್ಳೇವ್ನು ಮಾಡ್ಬೇಡಿ.