ಸಹಾಯ ಬೇಕು: ದಾಂಡೇಲಿಯ ನಾಟಾ (ಮರದ ದಿಮ್ಮಿ) ಡಿಪೋ ಕಾಲದ ನೆನಪುಗಳು

ಗುಂಪಿನ ಹಿರಿಯರಿಗೆ ನಮಸ್ಕಾರ.

ಉತ್ತರ ಕನ್ನಡದ ಕಾಳಿ ನದಿ ದಂಡೆಯ ದಾಂಡೇಲಿ, 1950ರ ದಶಕದ ಕೊನೆಗೆ ಕಾಗದದ ಕಾರ್ಖಾನೆ ಶುರುವಾಗುವ ಮೊದಲೇ, ಸುತ್ತಲಿನ ಕಾಡಿನ ಸಾಗುವಾನಿ ದಿಮ್ಮಿಗಳು ಬಂದು ಬೀಳುತ್ತಿದ್ದ ಊರಾಗಿತ್ತು. ಅಳ್ನಾವರದಿಂದ ಇಲ್ಲಿಗೆ ಹಳಿ ಹಾಕಿದ್ದೂ ಮುಖ್ಯವಾಗಿ ಆ ಮರ ಸಾಗಿಸುವುದಕ್ಕಾಗಿಯೇ. ನಮ್ಮ ಅಜ್ಜ ಡಿಪೋದಲ್ಲಿ ದಿಮ್ಮಿಗಳ ಅಳತೆ ಬರೆಯುತ್ತಿದ್ದರು. ದಿಮ್ಮಿಗಳ ಮೇಲೆ ಹೊಡೆದು ಗುರುತು ಮೂಡಿಸುವ ಅವರ ಕಬ್ಬಿಣದ ಮುದ್ರೆ ಸುತ್ತಿಗೆ ಈಗಲೂ ನಮ್ಮಲ್ಲಿದೆ, ಆದರೆ ಅದರ ಮುಖದ ಅಕ್ಷರಗಳು ಸವೆದು ಒಂದು ಅಂಕಿ ಮಾತ್ರ ಉಳಿದಿದೆ.

ಊರಿನ ಇತಿಹಾಸವೆಂದರೆ ಕಾರ್ಖಾನೆಯದಷ್ಟೇ ಎಂಬಂತೆ ಬರೆಯುವುದು ನನಗೆ ಒಪ್ಪಿಗೆಯಿಲ್ಲ. ದಿಮ್ಮಿ ಎಳೆದ ಆನೆಗಳ ಮಾವುತರು, ಗರಗಸದ ಮಿಲ್ಲಿನ ಕೆಲಸಗಾರರು, ಹಾಲು ತರುತ್ತಿದ್ದ ಗೌಳಿಗರು, ಕಾಡಿನ ಸಿದ್ದಿ ಮತ್ತು ಕುಣಬಿ ಕುಟುಂಬದವರು, ಇವರ ಬದುಕನ್ನು ಸೇರಿಸಿ ಒಂದು ಸಣ್ಣ ಪುಸ್ತಿಕೆ ಮಾಡುತ್ತಿದ್ದೇನೆ.

ದಿಮ್ಮಿಗಳ ಹರಾಜಿನ ದಿನದ ಫೋಟೋ, ಹಳೆಯ ಕೂಲಿ ಚೀಟಿ, ಸಂತೆ ಅಥವಾ ಗಣೇಶೋತ್ಸವದ ನೆನಪು ಯಾರಲ್ಲಾದರೂ ಇದ್ದರೆ ದಯವಿಟ್ಟು ತಿಳಿಸಿ. ಫೋಟೋದ ಹಿಂಬದಿಯ ಬರಹವನ್ನೂ ಕಳುಹಿಸಿದರೆ ದೊಡ್ಡ ಉಪಕಾರ. ಮುದ್ರೆ ಸುತ್ತಿಗೆಯ ಅಂಕಿಗಳನ್ನು ಓದಬಲ್ಲ ನಿವೃತ್ತ ಅರಣ್ಯ ಸಿಬ್ಬಂದಿ ಇದ್ದರಂತೂ ನಾನೇ ಬಂದು ಭೇಟಿಯಾಗುತ್ತೇನೆ.