9ನೇ ತರಗತಿಗೆ ಇವಾ ಕೋರ್ ಸಾಕ್ಷ್ಯ: ಎಷ್ಟು ತೋರಿಸಬೇಕು, ಏನು ಬಿಡಬೇಕು?

ಕುಷ್ಟಗಿ_ಮಾಸ್ತರ:
ಜನವರಿ 27ಕ್ಕೆ, ನಾಜಿಗಳ ಆಶ್ವಿಟ್ಜ್ ಸಾವಿನ ಶಿಬಿರ ಬಿಡುಗಡೆಯಾದ ದಿನ, ಅಲ್ಲಿಂದ ಬದುಕುಳಿದ ಯಹೂದಿ ಮಹಿಳೆ ಇವಾ ಕೋರ್ ಅವರ ವಿಡಿಯೊ ತೋರಿಸಬೇಕಂತಿದ್ದೇನೆ. ಕನ್ನಡ ಮಾಧ್ಯಮ, 40 ನಿಮಿಷದ ಒಂದೇ ಪಿರಿಯಡ್. ಕ್ಲಾಸಿನಲ್ಲಿ ಹಿಟ್ಲರ್ ಅಂದ್ರೆ ಗಟ್ಟಿ ಗಂಡು ಅನ್ನೋ ಹುಡುಗರೂ ಅದಾರೆ. ಹೇಗೆ ಮಾಡಲಿ?

ಸಿಂಧನೂರು_ಟೀಚರ್:
ಎಂಟು ನಿಮಿಷದ ತುಣುಕು ಸಾಕು ಸರ್. ಅವರ ಇಂಗ್ಲಿಷಿನ ಉಚ್ಚಾರ ನಮ್ಮ ಮಕ್ಕಳಿಗೆ ಹಿಡಿಯಲ್ಲ. ನಿಮಿಷಕ್ಕೊಮ್ಮೆ ನಿಲ್ಲಿಸಿ, ಮೊದಲೇ ಬರೆದಿಟ್ಟ ಕನ್ನಡ ಸಾರ ಓದಬೇಕಾಗುತ್ತೆ; ಅಲ್ಲಿಗೆ ಎಂಟು ನಿಮಿಷ ಹದಿನಾರಾಯ್ತು. ಅವರು ಮಾತಾಡುವಾಗ ಮೇಲಿಂದ ನೀವು ಅನುವಾದ ಹೇಳಬೇಡಿ, ಎರಡೂ ಕೇಳಿಸಲ್ಲ. ಕೊನೆಯ 15 ನಿಮಿಷ ಮಾತಿಗೇ ಬಿಡಿ. ಬೆಲ್ ಹೊಡೆಯೋವರೆಗೂ ವಿಡಿಯೊ ಓಡಿಸಿದರೆ ಮಕ್ಕಳು ಆ ಭಾರ ಹೊತ್ತುಕೊಂಡೇ ಮುಂದಿನ ಗಣಿತದ ಪಿರಿಯಡ್ಡಿಗೆ ಕೂರ್ತಾರೆ.

ಶುರು ಊರಿನಿಂದಲೇ ಮಾಡಿ: ಈಗಿನ ರೊಮೇನಿಯಾದ ಟ್ರಾನ್ಸಿಲ್ವೇನಿಯಾ ಪ್ರಾಂತ್ಯದ ಪೋರ್ಟ್ಸ್ ಹಳ್ಳಿ, ಇಡೀ ಹಳ್ಳಿಗೆ ಇವರದೊಂದೇ ಯಹೂದಿ ಮನೆ. ಅದನ್ನ ಬಿಟ್ಟರೆ ಆಕೆ ಮಕ್ಕಳ ಕಣ್ಣಿಗೆ ಬರೀ ಬಲಿಪಶು. ಆಮೇಲೆ 1944ರ ಮೇ, ಆಶ್ವಿಟ್ಜ್‌ನ ರೈಲು ಕಟ್ಟೆ: ಹತ್ತು ವರ್ಷದ ಇವಾ ಮತ್ತು ಅವಳಿ ಸೋದರಿ ಮಿರಿಯಮ್‌ರನ್ನ ಅವ್ವನ ಕೈಯಿಂದ ಕಿತ್ತುಕೊಂಡ ಗಳಿಗೆ. ಕೊನೆಗೆ ಬಿಡುಗಡೆ. ಇಬ್ಬರಿಗೂ ಹನ್ನೊಂದು ತುಂಬೋಕೆ ಇನ್ನೂ ನಾಲ್ಕು ದಿನ ಬಾಕಿ. ಅವ್ವ, ಅಪ್ಪ, ಇಬ್ಬರು ಅಕ್ಕಂದಿರು ಉಳಿಯಲಿಲ್ಲ. ಅವಳಿ ಮಕ್ಕಳ ಮೇಲೆ ನಾಜಿ ವೈದ್ಯ ಮೆಂಗೆಲೆ ಮಾಡಿದ ಪ್ರಯೋಗಗಳ ಬಗ್ಗೆ ಒಂದು ವಾಕ್ಯ ಸಾಕು, ಹೆಣದ ರಾಶಿಯ ಫೋಟೊ ಬೇಡವೇ ಬೇಡ. ಕೊಲೆಯಾದ ಯಹೂದಿಗಳು 60 ಲಕ್ಷ ಅನ್ನೋ ಅಂಕಿ ಕೊನೆಗೆ ಹೇಳಿ. ಮೊದಲೇ ಬೋರ್ಡಿಗೆ ಬರೆದರೆ ನೋಟ್ಸ್ ಬರ್ಕೊಂಡು ಸುಮ್ಮನಾಗ್ತಾರೆ.

ವಿಡಿಯೊ ಹಿಂದಿನ ದಿನವೇ ಪೆನ್‌ಡ್ರೈವ್‌ಗೆ ಇಳಿಸಿಕೊಳ್ಳಿ. ಕರೆಂಟ್ ನಂಬಬೇಡಿ, ಸಾರದ ಪ್ರಿಂಟ್ ಕೈಯಲ್ಲಿರಲಿ.

ತುಂಗಭದ್ರೆ_ಬಯಲು:
ಆ ಹುಡುಗರನ್ನ ಗದರಿಸಿದರೆ ಗಪ್ಪಾಗ್ತಾರೆ, ಅಷ್ಟೆ. "ಪೋರ್ಟ್ಸ್‌ಗೆ ಹಿಟ್ಲರ್ ತಾನೇ ಬಂದಿದ್ದನೇನು?" ಅಂತ ಕೇಳಿ. ಆಗ ಆ ಹಳ್ಳಿ ಹಂಗೇರಿಯ ಕೈಯಲ್ಲಿತ್ತು, ಬಂದಿದ್ದು ಹಂಗೇರಿಯ ಪೊಲೀಸರು. ನೋಡ್ತಾ ನಿಂತವರು ನೆರೆಹೊರೆಯವರು. ರೈಲು ಓಡಿಸಿದವರು ಸಂಬಳದ ನೌಕರರು. ಚರ್ಚೆ ಅಲ್ಲಿಗೆ ಬಂದರೆ "ಗಟ್ಟಿ ಗಂಡು" ತಾನೇ ಸಣ್ಣವನಾಗ್ತಾನೆ.

"ಓಡಿಹೋಗಬೇಕಿತ್ತಲ್ಲ" ಅಂತ ಒಬ್ಬ ಕೇಳೇ ಕೇಳ್ತಾನೆ. ಯಹೂದಿ ನಿರಾಶ್ರಿತರ ಬಗ್ಗೆ ನಡೆದ 1938ರ ಎವಿಯಾನ್ ಸಭೆ ಹೇಳಿ: 32 ದೇಶ ಕೂತು ಮಾತಾಡಿದವು, ಬಹುತೇಕ ಯಾರೂ ಬಾಗಿಲು ತೆರೆಯಲಿಲ್ಲ.

ನಾಜಿಗಳು ಯಹೂದಿಗಳಿಗೆ ಹಾಕಿಸಿದಂಥ ಹಳದಿ ನಕ್ಷತ್ರವನ್ನ ಅರ್ಧ ಕ್ಲಾಸಿಗೆ ಅಂಟಿಸೋ ನಾಟಕ ಮಾತ್ರ ಮಾಡಿಸಬೇಡಿ. ಎರಡು ನಿಮಿಷದಲ್ಲಿ ಆಟವಾಗುತ್ತೆ, ಆಮೇಲೆ ಜಾತಿ ಹೆಸರಲ್ಲಿ ಮೊದಲೇ ಚುಡಾಯಿಸಿಕೊಳ್ಳೋ ಹುಡುಗನ ಮೈಮೇಲೆ ಬರುತ್ತೆ.

ಕುಷ್ಟಗಿ_ಮಾಸ್ತರ:
ಇವಾ ಅವರು ನಾಜಿಗಳನ್ನ ಕ್ಷಮಿಸಿದೆ ಅಂದ ಭಾಗ? ಅದರಿಂದ ಮುಗಿಸಿದರೆ ಚಂದ ಅನಿಸಿತ್ತು.

ಸಿಂಧನೂರು_ಟೀಚರ್:
ಮುಗಿಸೋಕೆ ಅದು ಬೇಡ ಸರ್, "ಹಂಗಾದ್ರೆ ಮುಗೀತಲ್ಲ" ಅಂತಾರೆ ಮಕ್ಕಳು. 1995ರಲ್ಲಿ ಆಶ್ವಿಟ್ಜ್‌ನಲ್ಲೇ ನಿಂತು ತನ್ನೊಬ್ಬಳ ಹೆಸರಲ್ಲಿ ಕ್ಷಮಿಸಿದೆ ಅಂದರು. ಬದುಕುಳಿದ ಎಷ್ಟೋ ಮಂದಿ ಒಪ್ಪಲಿಲ್ಲ. ಎರಡನ್ನೂ ಹೇಳೋಕೆ ಇನ್ನೊಂದು ಪಿರಿಯಡ್ ಸಿಕ್ಕರೆ ಮಾತ್ರ ಆ ಮಾತು ಎತ್ತಿ.

ತುಂಗಭದ್ರೆ_ಬಯಲು:
ಆ ಎರಡನೇ ಪಿರಿಯಡ್ಡಿಗೆ ಇನ್ನೊಂದು ಕೆಲಸ. ನಿಮ್ಮ ಕಡೆ ಹೈದರಾಬಾದ್ ನಿಜಾಮನ ಪರದ ರಜಾಕಾರರ ಕಾಲ ಕಂಡ ಹಿರಿಯರು ಇನ್ನೂ ಸಿಗಬಹುದು. 1948ರಲ್ಲಿ ಹತ್ತು ವರ್ಷ ಇದ್ದವರಿಗೆ ಈಗ ತೊಂಬತ್ತರ ಹತ್ತಿರ. ಒಪ್ಪಿಗೆ ಕೇಳಿ ಫೋನಿನಲ್ಲಿ ರೆಕಾರ್ಡ್ ಮಾಡಿಸಿ, ಏರೋಪ್ಲೇನ್ ಮೋಡ್ ಹಾಕಿ. ಇಲ್ಲಾಂದ್ರೆ ನಡುವೆ ಕಾಲ್ ಬಂದು ಮಾತು ಕಡಿಯುತ್ತೆ. "ಹೇಗನಿಸ್ತು?" ಅಂತ ಕೇಳಿದರೆ ಒಂದೇ ಮಾತಲ್ಲಿ ಮುಗಿಸ್ತಾರೆ. "ಜೋಳ ಎಲ್ಲಿ ಬಚ್ಚಿಟ್ಟಿದ್ರಿ ಅಜ್ಜಿ? ರಾತ್ರಿ ಎಲ್ಲಿ ಮಲಗ್ತಿದ್ರಿ?" ಅಂತ ಕೇಳಿಸಿ. ಆಶ್ವಿಟ್ಜ್ ಜೊತೆ ತಕ್ಕಡಿಯಲ್ಲಿಟ್ಟು ತೂಗೋಕೆ ಮಾತ್ರ ಬಿಡಬೇಡಿ.