ಸುಸ್ಸು ಬಚ್ಚಲಲ್ಲಿ, ಕಕ್ಕ ಮಾತ್ರ ಡಯಾಪರ್‌ನಲ್ಲೇ: ಹಟ ಮಾಡುವ ಮಗುವಿಗೆ ಏನು ಮಾಡೋದು?

ಸಹನಾ, ವಿಜಯನಗರ: ಮಗನಿಗೆ ಎರಡೂವರೆ ವರ್ಷ. ಸುಸ್ಸು ಬಂದರೆ ಹೇಳುತ್ತಾನೆ. ಕಕ್ಕ ಬಂದರೆ ಮಾತ್ರ ಡಯಾಪರ್ ಬೇಕೇ ಬೇಕು. ಪಾಟಿ (ಮಕ್ಕಳು ಕಕ್ಕಕ್ಕೆ ಕೂರುವ ಪುಟ್ಟ ಸೀಟು) ಮೇಲೆ ಕೂರಿಸಿದರೆ ಮೈ ಸೆಟೆಸಿಕೊಂಡು ಅಳುತ್ತಾನೆ. ಪರದೆ ಹಿಂದೆ ಹೋಗಿ ಕಾಲು ಬಿಗಿ ಹಿಡಿದು ನಿಲ್ಲುತ್ತಾನೆ. ಜೂನ್‌ಗೆ ಸೇರಿಸಬೇಕಾದ ಪ್ಲೇ ಹೋಮ್‌ನವರು ಡಯಾಪರ್ ಬಿಟ್ಟಿರಲೇಬೇಕು ಅಂತಾರೆ. ಸ್ವಲ್ಪ ಗದರಿಸು ಅಂತ ಮನೆಯವರು. ನನಗೆ ಮನಸ್ಸು ಒಪ್ಪುತ್ತಿಲ್ಲ.

ಪದ್ಮಮ್ಮ, ಬಸವನಗುಡಿ: ನೋಡಮ್ಮ, ನಾವು ಕುತ್ತಿಗೆ ನಿಂತ ಮಗುವನ್ನೇ ಪಾದದ ಮೇಲೆ ಕೂರಿಸಿಕೊಂಡು "ಉಶ್ಶ್" ಅನ್ನುತ್ತಿದ್ದೆವು. ಬೇಗ ರೂಢಿಯಾಗುತ್ತಿತ್ತು. ಈಗಿನ ಡಯಾಪರ್ ಎಲ್ಲ ಹೀರಿಬಿಡುತ್ತೆ, ಮಗುವಿಗೆ ಒದ್ದೆ ಅನ್ನೋದೇ ತಿಳಿಯಲ್ಲ. ಇವತ್ತೇ ಬಿಡಿಸಿ ಚಡ್ಡಿ ಹಾಕು.

ಕಿರಣ್, ಜೆಪಿ ನಗರ: ಪದ್ಮಮ್ಮನವರೇ, ಅದು ಒಳ್ಳೆ ರೂಢಿನೇ. ಆದರೆ ಅಲ್ಲಿ ಹೊತ್ತು ನೋಡಿ ಕೂರಿಸುತ್ತಿದ್ದದ್ದು ದೊಡ್ಡವರು. ಈ ಹುಡುಗ ಬೇಡ ಅಂತ ಹೇಳುವ ವಯಸ್ಸಿನವನು. ಮಗು ತಯಾರಾದ ಮೇಲೆ ಶುರು ಮಾಡಿ ಅಂತ ಅಮೆರಿಕದ ಮಕ್ಕಳ ವೈದ್ಯ ಬ್ರೇಜಲ್ಟನ್ 1962ರಲ್ಲೇ ಬರೆದಿದ್ದರು. ಎರಡು ಗಂಟೆ ಒದ್ದೆ ಮಾಡದೆ ಇರೋದು, ಹೇಳಿದ್ದು ಅರ್ಥವಾಗೋದು, ಚಡ್ಡಿ ಇಳಿಸಿಕೊಳ್ಳೋದು, ಇವು ಗುರುತು. ಸಹನಾ, ಸ್ವಲ್ಪ ದಿನ ಸುಮ್ನೆ ಬಿಟ್ಟುಬಿಡಿ.

ಪದ್ಮಮ್ಮ: ಬಿಟ್ಟರೆ ಜೂನ್ ಕಾಯುತ್ತಾ?

ಲತಾ, ರಾಜಾಜಿನಗರ (ಮಕ್ಕಳ ವಾರ್ಡಿನಲ್ಲಿ ನರ್ಸ್): ಕಿರಣ್, ಸುಸ್ಸು ಹೇಳುತ್ತಾನೆ ಅಂದರೆ ಅವನು ತಯಾರಾಗಿದ್ದಾನೆ. ಇಲ್ಲಿ ತೊಂದರೆ ಬೇರೆ ಇರಬಹುದು. ಸಹನಾ, ಕಕ್ಕ ಗಟ್ಟಿಯಾಗಿ ಬರುತ್ತಾ? ಹಾಲು ಎಷ್ಟು ಕುಡಿಯುತ್ತಾನೆ?

ಸಹನಾ: ಹೌದು, ಗೋಲಿ ಗೋಲಿ. ಒಂದು ಸಲ ತುಂಬಾ ಅತ್ತಿದ್ದ. ಹಾಲು ದಿನಕ್ಕೆ ಮುಕ್ಕಾಲು ಲೀಟರ್ ಮೇಲೇ. ಊಟಕ್ಕಿಂತ ಅದೇ ಜಾಸ್ತಿ.

ಲತಾ: ಹಾಗಿದ್ದರೆ ಇದು ಹಟ ಅಲ್ಲ, ನೋವಿನ ಭಯ. ಒಮ್ಮೆ ನೋವಾದರೆ ಮಗು ತಡೆದುಕೊಳ್ಳುತ್ತದೆ. ತಡೆದಷ್ಟೂ ಕರುಳು ನೀರು ಹೀರಿ ಕಕ್ಕ ಇನ್ನೂ ಗಟ್ಟಿಯಾಗುತ್ತದೆ, ಮುಂದಿನ ಸಲ ಇನ್ನೂ ನೋವು. ಪರದೆ ಹಿಂದೆ ಕಾಲು ಬಿಗಿ ಹಿಡಿಯೋದು ತಿಣುಕೋದಲ್ಲ, ಬಹುಪಾಲು ತಡೆಯೋದು. ಹೀಗೇ ಮುಂದುವರಿದರೆ ಗುದದ್ವಾರದ ಮೇಲಿನ ಭಾಗ ಹಿಗ್ಗುತ್ತದೆ, ಬಂದಿದೆ ಅನ್ನೋದೇ ಗೊತ್ತಾಗಲ್ಲ. ಗಟ್ಟಿ ಕಕ್ಕದ ಪಕ್ಕದಿಂದ ನೀರು ನೀರಾಗಿ ಸೋರುತ್ತದೆ. ಎಷ್ಟೋ ಮನೆಗಳಲ್ಲಿ ಅದನ್ನು ಭೇದಿ ಅಂದುಕೊಳ್ಳುತ್ತಾರೆ. ಗದರಿಸಿದರೆ ಇನ್ನೂ ಬಿಗಿ ಹಿಡಿಯುತ್ತಾನೆ, ದಯವಿಟ್ಟು ಬೇಡ.

ಪದ್ಮಮ್ಮ: ಹೊಟ್ಟೆ ಕಟ್ಟಿದ್ದರೆ ವೀಳ್ಯದೆಲೆ ತೊಟ್ಟಿಗೆ ಹರಳೆಣ್ಣೆ ಸವರಿ ಇಟ್ಟರೆ ಆಯಿತಲ್ವಾ?

ಲತಾ: ಅಮ್ಮ, ಮೊದಲೇ ಹೆದರಿರೋ ಜಾಗಕ್ಕೆ ತೊಟ್ಟು, ಸೋಪು ಏನೂ ಬೇಡ. ಭಯ ಹೆಚ್ಚುತ್ತೆ. ಹಾಲು ಅರ್ಧ ಲೀಟರ್ ಒಳಗಿರಲಿ. ಪಪ್ಪಾಯ, ನೆನೆಸಿದ ಒಣದ್ರಾಕ್ಷಿ, ಸೊಪ್ಪಿನ ಸಾರು, ನೀರು ಕೊಡಿ. ಮಕ್ಕಳ ಡಾಕ್ಟರಿಗೆ ತೋರಿಸಿ, ಕಕ್ಕ ಮೆತ್ತಗಾಗೋ ಸಿರಪ್ ಬೇಕಾಗಬಹುದು. ರಕ್ತ, ಹೊಟ್ಟೆ ಉಬ್ಬರ, ವಾಂತಿ ಇದ್ದರೆ ತಡ ಮಾಡಲೇಬೇಡಿ.

ಮಂಜುನಾಥ್, ಯಲಹಂಕ: ಕಮೋಡ್ ಬಗ್ಗೆ ಯಾರೂ ಹೇಳಲಿಲ್ಲ. ಅಪಾರ್ಟ್‌ಮೆಂಟ್‌ಗಳಲ್ಲಿ ಇರೋದೇ ಅದು. ಮಗುವಿನ ಕಾಲು ಗಾಳಿಯಲ್ಲಿ ನೇತಾಡುತ್ತೆ, ಬೀಳ್ತೀನಿ ಅಂತ ಭಯ, ತಿಣುಕೋಕೂ ಆಗಲ್ಲ. ಚಿಕ್ಕ ಸೀಟು ಹಾಕಿ, ಕಾಲ ಕೆಳಗೆ ಮಣೆ ಇಡಿ. ಮಂಡಿ ಸೊಂಟಕ್ಕಿಂತ ಮೇಲೆ ಬರಲಿ. ಪದ್ಮಮ್ಮನವರ ಪಾದದ ಮೇಲೆ ಕೂತಾಗ ಆಗುತ್ತಿದ್ದದ್ದೂ ಅದೇ. ಫ್ಲಶ್ ಸದ್ದಿಗೆ ಬೆಚ್ಚಿದರೆ ಅವನು ಆಚೆ ಹೋದ ಮೇಲೆ ಮಾಡಿ.

ಪದ್ಮಮ್ಮ: ತೊಟ್ಟು ಬೇಡ ಅಂದರೆ ಬೇಡ. ಆದರೆ ಡಯಾಪರ್ ಬಿಡಿಸಲೇಬೇಕು.

ಲತಾ: ಬಿಡಿಸೋಣ, ಕಕ್ಕ ಮೆತ್ತಗಾದ ಮೇಲೆ. ಈಗ ಕಿತ್ತುಕೊಂಡರೆ ಪೂರ್ತಿ ತಡೆಯುತ್ತಾನೆ. ಸುಸ್ಸಿಗೆ ಚಡ್ಡಿ ಇರಲಿ. ಕಕ್ಕಕ್ಕೆ ಕೇಳಿದಾಗ ಡಯಾಪರ್ ಹಾಕಿ, ಆದರೆ ಬಚ್ಚಲಲ್ಲೇ. ಆಮೇಲೆ ಅದನ್ನು ಹಾಕಿಕೊಂಡೇ ಪಾಟಿ ಮೇಲೆ ಕೂರಲಿ. ಊಟ ಆದ ಮೇಲೆ ಕರುಳು ಚುರುಕಾಗುತ್ತೆ, ಆಗ ಐದು ನಿಮಿಷ ಕೂರಿಸಿ. ಬರದಿದ್ದರೆ ಎಬ್ಬಿಸಿ. ರಾತ್ರಿ ಡಯಾಪರ್ ಚಿಂತೆ ಈಗ ಬೇಡ.

ಕಿರಣ್: ಇದನ್ನು ಒಪ್ಪುತ್ತೇನೆ. ಆದರೆ ಈ ವಯಸ್ಸಿಗೆ ಶರತ್ತು ಹಾಕುವ ಪ್ಲೇ ಹೋಮ್ ನನಗೆ ಸರಿ ಕಾಣಲ್ಲ. ಬೇರೆ ನೋಡಿ.

ಮಂಜುನಾಥ್: ಒಬ್ಬ ಆಯಾ ಎಷ್ಟು ಮಕ್ಕಳನ್ನು ತೊಳೆಯಬೇಕು, ಅದನ್ನೂ ಯೋಚಿಸಿ. ಸಹನಾ, ಡಾಕ್ಟರ್ ಚೀಟಿ ತೋರಿಸಿ ಸ್ವಲ್ಪ ಸಮಯ ಕೇಳಿ.

ಸಹನಾ: ಕೇಳ್ತೀನಿ. ಲತಾ ಅವರೇ, ಸಿರಪ್ ಕೊಟ್ಟರೆ ಅದಕ್ಕೇ ಒಗ್ಗಿಕೊಳ್ಳಲ್ವಾ?

ಲತಾ: ಮಕ್ಕಳಿಗೆ ಸಾಮಾನ್ಯವಾಗಿ ಬರೆಯೋ ಸಿರಪ್‌ಗಳು ಕರುಳಲ್ಲಿ ನೀರು ಉಳಿಸಿಕೊಳ್ಳುವಂಥವು, ಆ ಭಯ ಬೇಡ. ನಾಲ್ಕು ದಿನ ಸರಿಹೋಯಿತು ಅಂತ ನೀವಾಗಿ ನಿಲ್ಲಿಸಬೇಡಿ. ಹಿಗ್ಗಿದ ಜಾಗ ಕುಗ್ಗೋಕೆ ತಿಂಗಳುಗಳೇ ಬೇಕಾಗಬಹುದು. ಡಾಕ್ಟರ್ ಹೇಳಿದ ಮೇಲೆ ನಿಧಾನವಾಗಿ ಕಡಿಮೆ ಮಾಡಿ.